ಅಂಗಳಕ್ಕೆ ಬಿಳಿಯ ಕಾಂಕ್ರೀಟು

ಬೆಳಗಾವಿ ತಂಪಾದ ಊರೆಂಬ ಕೀರ್ತಿ ಇಂದಿಗೂ ಉಳಿದಿದೆ. ಆದರೆ ಏಪ್ರಿಲ್ ತಿಂಗಳ ಮಧ್ಯಾಹ್ನ ಬರಿಗಾಲಿನಲ್ಲಿ ಡಾಂಬರು ರಸ್ತೆಗಿಳಿದ ಮಕ್ಕಳನ್ನು ಕೇಳಿದರೆ ಉತ್ತರ ಬೇರೆಯೇ ಬಂದೀತು. ಹೊಸ ಡಾಂಬರು ತನ್ನ ಮೇಲೆ ಬಿದ್ದ ಬಿಸಿಲಿನಲ್ಲಿ ಶೇಕಡ 5ರಿಂದ 10ರಷ್ಟನ್ನು ಮಾತ್ರ ಹಿಂದಿರುಗಿಸುತ್ತದೆ. ಉಳಿದುದನ್ನು ಹೀರಿಕೊಂಡು, ಕತ್ತಲಾದ ಮೇಲೆ ಹೊರಗೆ ಬಿಡುತ್ತದೆ. ಹೊಸ ಸಿಮೆಂಟು ಕಾಂಕ್ರೀಟು 35ರಿಂದ 40ರಷ್ಟನ್ನು ಹಿಂದಿರುಗಿಸುವುದು. ಬಿಳಿಯ ಸಿಮೆಂಟಿನದಾದರೆ 70ರಷ್ಟನ್ನು. 2016ರಲ್ಲಿ ಸ್ಮಾರ್ಟ್ ಸಿಟಿಯ ಮೊದಲ ಪಟ್ಟಿ ಸೇರಿದ ಈ ನಗರದಲ್ಲಿ ಹಲವು ರಸ್ತೆಗಳು ಕಾಂಕ್ರೀಟಿನವಾದುವು. ಅಂಗಳವನ್ನೂ ಹಾಗೆಯೇ ಮಾಡಿಸುವ ಹಂಬಲ ಗೃಹಸ್ಥರಿಗೆ ಹುಟ್ಟಿದರೆ ಆಶ್ಚರ್ಯವಿಲ್ಲ.

ಸಿಮೆಂಟಿಗೆ ಬೂದುಬಣ್ಣ ಕೊಡುವುದು ಮುಖ್ಯವಾಗಿ ಅದರಲ್ಲಿರುವ ಕಬ್ಬಿಣದ ಅಂಶ. ಖಾನಾಪುರದ ಹಂಚನ್ನು ಭಟ್ಟಿಯಲ್ಲಿ ಕೆಂಪಾಗಿಸುವುದೂ ಅದೇ ಕಬ್ಬಿಣವೇ! ಈ ಅಂಶ ತೀರ ಕಡಿಮೆಯಿರುವ ಸುಣ್ಣಕಲ್ಲು, ಬಿಳಿ ಜೇಡಿಗಳಿಂದ ಬಿಳಿಯ ಸಿಮೆಂಟು ತಯಾರಾಗುತ್ತದೆ. ಅದು ದುಬಾರಿ, ಇಡೀ ಅಂಗಳಕ್ಕೆ ಹಾಕಿಸುವುದು ಎಲ್ಲರ ಅಳವಲ್ಲ. ತೋರಣಗಲ್ಲಿನಂತಹ ಉಕ್ಕಿನ ಕಾರಖಾನೆಗಳ ಕಿಟ್ಟವನ್ನು ನುಣ್ಣಗೆ ಅರೆದು ಸಿಮೆಂಟಿಗೆ ಬೆರೆಸಿದರೆ, ಕಾಂಕ್ರೀಟು ಕಡಿಮೆ ಖರ್ಚಿನಲ್ಲಿಯೇ ತಿಳಿಬಣ್ಣಕ್ಕೆ ತಿರುಗುತ್ತದೆ. ಇದು ಗಟ್ಟಿಯಾಗುವುದು ನಿಧಾನ. ನೀರುಣಿಸುವುದನ್ನು ಕೆಲವು ದಿನ ಹೆಚ್ಚಾಗಿಯೇ ಮುಂದುವರಿಸಬೇಕು. ಮೊದಮೊದಲು ತುಸು ಹಸಿರು ಛಾಯೆ ಕಂಡೀತು. ಅದಕ್ಕಾಗಿ ಗೌಂಡಿಯೊಡನೆ ಜಗಳಕ್ಕೆ ನಿಲ್ಲಬಾರದು. ಗಾಳಿಗೆ ತಾನೇ ಮಾಸುವುದು.

ಬಿಳುಪಿಗೂ ದೋಷವುಂಟು. ಹಿಂದಿರುಗಿದ ಬಿಸಿಲು ಆಕಾಶಕ್ಕೇ ಹೋಗಬೇಕೆಂಬ ಕಟ್ಟಳೆಯಿಲ್ಲ. ಎದುರಿನ ಕಿಟಕಿಗೂ, ಅಂಗಳದಲ್ಲಿ ಹಪ್ಪಳ ಒಣಗಿಸುವವರ ಕಣ್ಣಿಗೂ ಹೊಡೆಯುತ್ತದೆ. ಪಶ್ಚಿಮದ ಕಿಟಕಿಯ ಕೆಳಗೆ ಇದನ್ನು ಹಾಕಿಸದಿರುವುದು ಲೇಸು. ಖಾನಾಪುರದ ಕಡೆಯ ಮಳೆಯಂತೂ ಒಂದೆರಡು ವರ್ಷಗಳಲ್ಲಿ ಪಾಚಿ ಕಟ್ಟಿಸಿ, ಕೆಮ್ಮಣ್ಣು ಮೆತ್ತಿಸಿ, ಬಿಳುಪನ್ನೆಲ್ಲ ಅಳಿಸಿಬಿಡುತ್ತದೆ. ಬೇಸಗೆಗೆ ಮುನ್ನ ಉಜ್ಜಿ ತೊಳೆಯಲು ಆಗದವರು ಅಲ್ಲಿ ಬಿಳಿಯ ಸಿಮೆಂಟಿಗೆ ಹಣ ಸುರಿಯುವುದು ವ್ಯರ್ಥವೆಂದೇ ನನ್ನ ಮತ. ಹಸಿಯಿರುವಾಗಲೇ ಕಸಬರಿಗೆಯಿಂದ ಗೀರು ಎಳೆಸಿದರೆ ಮಳೆಗಾಲದಲ್ಲಿ ವೃದ್ಧರ ಕಾಲು ಜಾರುವುದು ತಪ್ಪೀತು.

ಇನ್ನೊಂದು ಮಾತು ನೀರಿನದು. ಬೆಳಗಾವಿ ಬಾವಿಗಳ ಊರು. 1924ರ ಕಾಂಗ್ರೆಸ್ ಅಧಿವೇಶನಕ್ಕೆಂದು ಟಿಳಕವಾಡಿಯಲ್ಲಿ ತೋಡಿದ ಬಾವಿ ಇಂದಿಗೂ ಇದೆ. ಕಾಂಕ್ರೀಟು ಬಿಳಿಯದಿರಲಿ, ಕರಿಯದಿರಲಿ, ಸಾಮಾನ್ಯವಾಗಿ ನೀರನ್ನು ಕೆಳಗಿಳಿಯಗೊಡದು. ಗೋಡೆಯ ಪಕ್ಕದಲ್ಲಿ ಎರಡು ಮೊಳ ಮಣ್ಣು ಬಿಟ್ಟು, ಇಳಿಜಾರನ್ನು ಆ ಕಡೆಗೇ ಕೊಡಿಸಿ, ಅಲ್ಲೊಂದು ಕರಿಬೇವಿನ ಗಿಡ ನೆಡಬಹುದು. ಕೆಲಸ ಮುಗಿದ ಮೇಲೆ ನೆನಪಾದರೆ ಕಾಂಕ್ರೀಟು ಒಡೆಸಬೇಕಾದೀತು. ಗೌಂಡಿ ಬಂದ ಮೊದಲ ದಿನವೇ ಹೇಳಿಡಿ.