ಯಾತ್ರಿಕನ ಮನೆಮಾತು

ಕ್ರೈಸ್ತರ ಹಬ್ಬಗಳಲ್ಲಿ ಕ್ರಿಸ್‌ಮಸ್ಸನ್ನು ಅರಿಯದವರಿಲ್ಲ. ಶುಭಶುಕ್ರವಾರಕ್ಕೆ ರಜೆಯಿರುವುದರಿಂದ ಅದರ ಹೆಸರೂ ಎಲ್ಲರಿಗೆ ಪರಿಚಿತ. ಈಸ್ಟರನ್ನು ಕೇಳಿ ಬಲ್ಲವರೂ ಬಹುಮಂದಿ ಉಂಟು. ಆದರೆ ಈಸ್ಟರ್ ಭಾನುವಾರದಿಂದ ಎಣಿಸಿದರೆ ಐವತ್ತನೆಯ ದಿನ ಬರುವ ಪೆಂತೆಕೋಸ್ತ್ ಹಬ್ಬದ ಸುದ್ದಿ ಕ್ರೈಸ್ತಸಭೆಯ ಹೊರಗಿನವರ ಕಿವಿಗೆ ಬೀಳುವುದು ಅಪೂರ್ವ. ಗ್ರೀಕಿನಲ್ಲಿ ಆ ಹೆಸರಿಗೆ ‘ಐವತ್ತನೆಯದು’ ಎಂದಷ್ಟೇ ಅರ್ಥ. ಕನ್ನಡ ಬೈಬಲಿನ ಅನುವಾದಕರು ಅದನ್ನು ‘ಪಂಚಾಶತ್ತಮ’ ಎಂದರು. ನಾನು ಕ್ರೈಸ್ತನಲ್ಲ, ಧರ್ಮಶಾಸ್ತ್ರವನ್ನು ಓದಿದವನೂ ಅಲ್ಲ. ಕಾಲೇಜಿನಲ್ಲಿ ಕನ್ನಡ ಪಾಠ ಹೇಳುವವನಿಗೆ ಈ ಹಬ್ಬವನ್ನು ಕುರಿತು ಮಾತನಾಡುವ ಅಧಿಕಾರ ಎಲ್ಲಿಂದ ಬಂದಿತೆಂದು ವಾಚಕರು ಕೇಳಬಹುದು. ಉತ್ತರ ಇಷ್ಟೆ: ಭಾಷೆಯನ್ನೇ ತನ್ನ ಗರ್ಭಗುಡಿಯಲ್ಲಿ ಇರಿಸಿಕೊಂಡ ಹಬ್ಬ, ನಾನು ಬಲ್ಲಮಟ್ಟಿಗೆ, ಇದೊಂದೇ. ಭಾಷೆಯ ಮೇಲೆ ಅನ್ನ ತಿನ್ನುವವನು ಅದರತ್ತ ಕಣ್ಣೆತ್ತಿ ನೋಡದಿದ್ದರೆ ಅದೇ ಆಶ್ಚರ್ಯ.

ಕಥೆ ‘ಅಪೊಸ್ತಲರ ಕೃತ್ಯಗಳು’ ಎಂಬ ಗ್ರಂಥದ ಎರಡನೆಯ ಅಧ್ಯಾಯದಲ್ಲಿದೆ. ಯೇಸುವಿನ ಶಿಷ್ಯರು ಜೆರೂಸಲೇಮಿನ ಒಂದು ಮನೆಯಲ್ಲಿ ಕೂಡಿದ್ದಾರೆ. ಬಿರುಗಾಳಿಯಂಥ ಸದ್ದು ಮನೆಯನ್ನೆಲ್ಲ ತುಂಬುತ್ತದೆ. ಉರಿಯ ನಾಲಗೆಗಳು ಕಾಣಿಸಿಕೊಂಡು ಒಬ್ಬೊಬ್ಬರ ಮೇಲೆ ನೆಲಸುತ್ತವೆ. ಅವರು ಪವಿತ್ರಾತ್ಮಭರಿತರಾಗಿ ಬೇರೆಬೇರೆ ಭಾಷೆಗಳಲ್ಲಿ ಮಾತನಾಡತೊಡಗುತ್ತಾರೆ. ಸದ್ದು ಕೇಳಿ ಜನ ನೆರೆಯುತ್ತದೆ. ಪಾರ್ಥಿಯ, ಮೇದ್ಯ, ಏಲಾಮ್, ಮೆಸೊಪೊಟೇಮಿಯ, ಕಪ್ಪದೋಕ್ಯ, ಪೊಂತ, ಫ್ರುಗ್ಯ, ಈಜಿಪ್ಟ್, ಲಿಬಿಯ, ರೋಮ್, ಕ್ರೀಟ್, ಅರಬ್ ನಾಡು — ಹೀಗೆ ಎಲ್ಲೆಲ್ಲಿಯವರೋ ಆ ಗುಂಪಿನಲ್ಲಿದ್ದಾರೆ. ಈ ಗಲಿಲಾಯದ ಜನ ಆಡುವ ಮಾತು ತಮ್ಮ ತಮ್ಮ ಹುಟ್ಟುನುಡಿಯಲ್ಲೇ ತಮಗೆ ಕೇಳಿಸುತ್ತಿದೆಯಲ್ಲಾ ಎಂದು ಅವರೆಲ್ಲ ಬೆರಗಾಗುತ್ತಾರೆ. ಇವರು ಕುಡಿದಿದ್ದಾರೆಂದು ಹಾಸ್ಯಮಾಡಿದವರೂ ಇದ್ದರು. ಇನ್ನೂ ಬೆಳಗಿನ ಒಂಬತ್ತು ಗಂಟೆ, ಕುಡಿಯುವ ಹೊತ್ತೇ ಇದು ಎಂಬರ್ಥದಲ್ಲಿ ಪೇತ್ರನು ಅವರಿಗೆ ಉತ್ತರ ಕೊಡುತ್ತಾನೆ. ಆ ದಿನ ಸುಮಾರು 3,000 ಮಂದಿ ದೀಕ್ಷೆ ಪಡೆದರೆಂದು ಗ್ರಂಥ ಹೇಳುತ್ತದೆ. ಕ್ರೈಸ್ತರು ತಮ್ಮ ಸಭೆ ಹುಟ್ಟಿದ ದಿನವೆಂದು ಎಣಿಸುವುದು ಇದನ್ನೇ.

ಇಷ್ಟೊಂದು ನಾಡುಗಳ ಜನ ಅಂದು ಅಲ್ಲಿ ಏಕೆ ಇದ್ದರು? ಕಥೆಯ ಬೇರು ಈ ಪ್ರಶ್ನೆಯಲ್ಲಿದೆ. ಅದು ಯೆಹೂದ್ಯರ ಹಬ್ಬದ ದಿನ. ಗೋದಿಯ ಸುಗ್ಗಿಯಲ್ಲಿ, ಪಸ್ಕದ ಏಳು ವಾರಗಳ ಅನಂತರ ಬರುವ ಶಾವುವೋತ್ ಹಬ್ಬದಲ್ಲಿ, ಹೊಸ ಹಿಟ್ಟಿನ ಎರಡು ರೊಟ್ಟಿಗಳನ್ನು ದೇವಾಲಯದಲ್ಲಿ ಅರ್ಪಿಸಬೇಕೆಂಬುದು ಧರ್ಮಶಾಸ್ತ್ರದ ವಿಧಿ. ವರ್ಷಕ್ಕೆ ಮೂರು ಬಾರಿ ಜೆರೂಸಲೇಮಿಗೆ ಯಾತ್ರೆ ಹೋಗಬೇಕಾದ ಮೂರು ಹಬ್ಬಗಳಲ್ಲಿ ಅದೂ ಒಂದು. ನೆರೆದವರಲ್ಲಿ ಕೆಲವರು ಪರನಾಡುಗಳಿಂದ ಬಂದು ಆ ಊರಲ್ಲೇ ನೆಲಸಿದವರು, ಕೆಲವರು ಹಬ್ಬಕ್ಕೆಂದು ಬಂದವರು. ಅಂತೂ ಎಲ್ಲರೂ ದಾರಿ ನಡೆದು ಬಂದವರೇ. ಹೀಗೆ ಪೆಂತೆಕೋಸ್ತ್ ಮೊದಲು ಯಾತ್ರೆಯ ಹಬ್ಬ. ಯಾತ್ರಿಕರಿಲ್ಲದಿದ್ದರೆ ಅಲ್ಲಿ ಪವಾಡಕ್ಕೆ ಕೆಲಸವೇ ಇರಲಿಲ್ಲ. ಇನ್ನೊಂದು ಸೊಗಸಿನ ಸಂಗತಿಯುಂಟು. ಶಾವುವೋತ್ ದಿನ ಯೆಹೂದ್ಯರು ಓದುವ ಗ್ರಂಥ ರೂತಳ ಕಥೆ. ಪರದೇಶದ ವಿಧವೆಯೊಬ್ಬಳು ಅತ್ತೆಯ ಕೈಬಿಡದೆ ಬಂದು, ಬೇರೆಯವರ ಹೊಲದಲ್ಲಿ ಹಕ್ಕಲಾಯ್ದು, ಕೊನೆಗೆ ಆ ನಾಡಿನವಳೇ ಆದ ಕಥೆ ಅದು. ಸುಗ್ಗಿಯ ಹಬ್ಬಕ್ಕೆ ಪರದೇಶಿಯ ಕಥೆಯನ್ನು ಜೋಡಿಸಿದವರ ಹೃದಯ ದೊಡ್ಡದು.

‘ಪರದೇಶಿ’ ಎಂಬ ಮಾತನ್ನು ಬೇಕೆಂದೇ ಬಳಸಿದೆ. ಯಾತ್ರಿಕನಿಗೆ ಇಂಗ್ಲಿಷಿನಲ್ಲಿರುವ ‘ಪಿಲ್‌ಗ್ರಿಮ್’ ಎಂಬ ಶಬ್ದ ಲ್ಯಾಟಿನ್ನಿನ ‘ಪೆರೆಗ್ರಿನುಸ್’ ಎಂಬುದರಿಂದ ಬಂದದ್ದು. ಅದರ ಮೊದಲ ಅರ್ಥ ಪರದೇಶಿ ಎಂದು. ನಮ್ಮ ಆಡುಮಾತಿನಲ್ಲಿ ಪರದೇಶಿ ಎಂದರೆ ಬೇರೆ ದೇಶದವನು ಮಾತ್ರವಲ್ಲ, ದಿಕ್ಕಿಲ್ಲದವನು ಎಂದೂ ಆಗುತ್ತದೆ. ತನ್ನ ಮಾತನ್ನು ಕೇಳುವವರಿಲ್ಲದ ಊರಿನಲ್ಲಿ ಒಂದು ರಾತ್ರಿ ಕಳೆದವನಿಗೆ ಈ ಎರಡನೆಯ ಅರ್ಥವನ್ನು ನಿಘಂಟಿನಲ್ಲಿ ಹುಡುಕುವ ಅಗತ್ಯವಿಲ್ಲ.

ಪೆಂತೆಕೋಸ್ತಿನ ಅರ್ಥವನ್ನು ಹೇಳುವಾಗ ಬೋಧಕರು ಸಾಮಾನ್ಯವಾಗಿ ಬಾಬೆಲಿನ ಗೋಪುರವನ್ನು ನೆನೆಯುತ್ತಾರೆ. ಆದಿಕಾಂಡದ ಆ ಕಥೆಯಲ್ಲಿ ಮನುಷ್ಯರಿಗೆ ಒಂದೇ ಭಾಷೆಯಿತ್ತು. ಅವರು ಮುಗಿಲು ಮುಟ್ಟುವ ಗೋಪುರ ಕಟ್ಟಹೊರಟಾಗ ದೇವರು ಭಾಷೆಯನ್ನು ಕಲಸಿ ಅವರನ್ನು ಚದರಿಸಿದನು. ಬಾಬೆಲಿನಲ್ಲಿ ಒಡೆದದ್ದು ಜೆರೂಸಲೇಮಿನಲ್ಲಿ ಕೂಡಿತು ಎಂಬುದು ರೂಢಿಯ ವ್ಯಾಖ್ಯಾನ. ಅದು ಅರ್ಧ ಮಾತ್ರ ಸರಿ ಎಂದು ನನ್ನ ಅಭಿಪ್ರಾಯ. ಕೂಡಿತು ನಿಜ, ಆದರೆ ಹೇಗೆ ಕೂಡಿತು ಎಂಬುದನ್ನು ನೋಡಬೇಡವೆ? ಬಾಬೆಲಿನ ಶಾಪವನ್ನು ಅಳಿಸುವುದಷ್ಟೇ ಉದ್ದೇಶವಾಗಿದ್ದರೆ ನೆರೆದವರಿಗೆಲ್ಲ ಮತ್ತೆ ಒಂದೇ ಭಾಷೆ ಬರಬೇಕಾಗಿತ್ತು. ಹಾಗಾಗಲಿಲ್ಲ. ಪಾರ್ಥಿಯದವನು ಪಾರ್ಥಿಯದವನಾಗಿಯೇ, ಅರಬನು ಅರಬನಾಗಿಯೇ ಉಳಿದನು. ಒಬ್ಬನ ನುಡಿಯೂ ಕೆಡಲಿಲ್ಲ. ಹಲವು ಭಾಷೆಗಳಿರುವುದು ಶಾಪವಲ್ಲ, ಒಬ್ಬರ ಮಾತು ಒಬ್ಬರಿಗೆ ತಲಪದಿರುವುದು ಶಾಪ. ಪೆಂತೆಕೋಸ್ತ್ ನೀಗಿದ್ದು ಈ ಎರಡನೆಯದನ್ನು.

ಇನ್ನೊಂದು ಸಂಗತಿ ಇದಕ್ಕಿಂತ ಮುಖ್ಯವಾದುದು. ಆ ಕಾಲದಲ್ಲಿ ರೋಮ್ ಸಾಮ್ರಾಜ್ಯದ ಪೂರ್ವಭಾಗದಲ್ಲೆಲ್ಲ ಗ್ರೀಕ್ ಭಾಷೆ ವ್ಯಾಪಾರಕ್ಕೂ ಆಡಳಿತಕ್ಕೂ ಸಲ್ಲುತ್ತಿತ್ತು. ಅದರಿಂದ ಮೂಡಣ ನಾಡುಗಳಲ್ಲಿ ಅರಮಾಯಿಕ್ ಭಾಷೆ ಅದೇ ಕೆಲಸ ಮಾಡುತ್ತಿತ್ತು. ನೆರೆದವರಲ್ಲಿ ಬಹುಮಂದಿಗೆ ಈ ಎರಡರಲ್ಲಿ ಒಂದಾದರೂ ಬರುತ್ತಿದ್ದಿರಬೇಕು. ಪೇತ್ರನು ಅನಂತರ ಎದ್ದುನಿಂತು ಎಲ್ಲರಿಗೂ ಉದ್ದನೆಯ ಉಪದೇಶ ಮಾಡಿದನೆಂದೂ ಗ್ರಂಥ ಹೇಳುತ್ತದೆ. ಸುದ್ದಿ ಮುಟ್ಟಿಸುವುದಷ್ಟೇ ಗುರಿಯಾಗಿದ್ದರೆ ಒಂದು ಸಂತೆಯ ಭಾಷೆ ಸಾಕಾಗುತ್ತಿತ್ತು; ಗಾಳಿಯೂ ಬೇಡ, ಬೆಂಕಿಯೂ ಬೇಡ. ಆದರೂ ಅಂದು ಸಂತೆಯ ಭಾಷೆ ಮುಂದೆ ಬರಲಿಲ್ಲ, ಮನೆಯ ಭಾಷೆ ಬಂದಿತು. ಪರದೇಶಿಗೆ ಅಲ್ಲಿ ದೊರೆತದ್ದು ಸುದ್ದಿಗಿಂತ ಹೆಚ್ಚಿನದು: ನಿನ್ನ ತಾಯಿ ನಿನ್ನನ್ನು ಕರೆದ ಮಾತೂ ದೇವರ ಮಾತಿಗೆ ಯೋಗ್ಯವಾದುದೆಂಬ ಮನ್ನಣೆ.

ಮೂಲದಲ್ಲಿ ಒಂದು ಶಬ್ದಚಮತ್ಕಾರವೂ ಇದೆ. ಗ್ರೀಕಿನಲ್ಲಿ ‘ಗ್ಲೋಸ್ಸ’ ಎಂದರೆ ನಾಲಗೆ. ಭಾಷೆಗೂ ಅದೇ ಶಬ್ದ. ಶಿಷ್ಯರ ಮೇಲೆ ನೆಲಸಿದ ಉರಿಯ ನಾಲಗೆಗೂ ಅವರು ಆಡಿದ ಬೇರೆ ನುಡಿಗೂ ಮೂಲದಲ್ಲಿ ಒಂದೇ ಹೆಸರು. ಕನ್ನಡದಲ್ಲಿ ಇವೆರಡೂ ಬೇರೆಯಾಗಿ ನಿಲ್ಲುತ್ತವೆ. ಅಷ್ಟು ನಷ್ಟವೆಂದೇ ಹೇಳಬೇಕು. ಆದರೆ ಬೆಂಕಿಯ ‘ಕೆನ್ನಾಲಗೆ’ ಎಂಬ ಮಾತು ನಮ್ಮಲ್ಲಿ ಮೊದಲಿನಿಂದಲೂ ಉಂಟು. ಅಗ್ನಿಗೆ ‘ಸಪ್ತಜಿಹ್ವ’ನೆಂಬ ಹೆಸರು ಸಂಸ್ಕೃತದಲ್ಲಿ ಉಂಟು. ಉರಿಗೆ ನಾಲಗೆಯಿದೆ ಎಂದರೆ ಕನ್ನಡಿಗನಿಗೆ ಅದು ಹೊರಗಿನ ಮಾತೆನಿಸುವುದಿಲ್ಲ. ಅನುವಾದದಲ್ಲಿ ಒಂದು ಕೈಯಿಂದ ಜಾರಿದ್ದು ಕೆಲವೊಮ್ಮೆ ಇನ್ನೊಂದು ಕೈಗೆ ಸಿಕ್ಕುತ್ತದೆ.

ಆದರೆ ದೇವರು ಎಲ್ಲೆಡೆ, ಎಲ್ಲರ ನುಡಿಯಲ್ಲಿ ದೊರೆಯುವನಾದರೆ ಯಾತ್ರೆಯೇ ವ್ಯರ್ಥವಲ್ಲವೆ? ಈ ಆಕ್ಷೇಪ ಹೊಸದಲ್ಲ. 4ನೆಯ ಶತಮಾನದ ಉತ್ತರಾರ್ಧದಲ್ಲಿ ಕಪ್ಪದೋಕ್ಯದ ಬಿಷಪ್ ನಿಸ್ಸದ ಗ್ರೆಗೊರಿ, ಸ್ಥಳ ಬದಲಾಯಿಸಿದ ಮಾತ್ರಕ್ಕೆ ದೇವರು ಹತ್ತಿರವಾಗುವುದಿಲ್ಲವೆಂದು ತನ್ನ ಒಂದು ಪತ್ರದಲ್ಲಿ ವಾದಿಸಿದ್ದಾನೆ. ಸ್ಥಾವರಕ್ಕೆ ಎದುರಾಗಿ ಜಂಗಮವನ್ನು ನಿಲ್ಲಿಸಿದ ಶರಣರ ಮಾತನ್ನು ಪಾಠ ಹೇಳುವ ನಮಗೆ ಈ ವಾದ ಬಲು ಪರಿಚಿತ. ಆದರೂ ಆ ಶರಣರೇ ನಾನಾ ನಾಡುಗಳಿಂದ ಕಲ್ಯಾಣಕ್ಕೆ ನಡೆದು ಬಂದರು. ಅಕ್ಕಮಹಾದೇವಿ ಅಲ್ಲಿಂದ ಶ್ರೀಶೈಲಕ್ಕೆ ನಡೆದಳು. ಕಾಲಿನ ದಾರಿ ಮನಸ್ಸಿಗೆ ಬೇಕಾಗುತ್ತದೆ. ‘ತೀರ್ಥ’ ಎಂಬ ಶಬ್ದದ ಮೂಲಾರ್ಥ ಹೊಳೆ ದಾಟುವ ಕಡವು ಎಂದು. ಕಡವಿನಲ್ಲಿ ಯಾರೂ ಮನೆ ಕಟ್ಟುವುದಿಲ್ಲ, ದಾಟಿ ಹೋಗುತ್ತಾರೆ. ಪೆಂತೆಕೋಸ್ತಿನ ಜೆರೂಸಲೇಮೂ ಅಂಥ ಕಡವು. ಹಳೆಯ ಹಬ್ಬ ಜನರನ್ನು ಒಂದು ಊರಿಗೆ ಕರೆಯುತ್ತಿತ್ತು. ಹೊಸ ಅರ್ಥ ಅವರನ್ನು ಅವರವರ ಊರಿಗೆ ಕಳುಹಿಸಿತು. ಕ್ರಿ. ಶ. 70ರಲ್ಲಿ ರೋಮನರು ಆ ದೇವಾಲಯವನ್ನು ನೆಲಸಮ ಮಾಡಿದರು. ಅಷ್ಟರಲ್ಲಿ ಹೊಸ ಮಾತು ಎಷ್ಟೋ ಊರುಗಳನ್ನು ಸೇರಿಯಾಗಿತ್ತು.

ಗ್ರೆಗೊರಿಯ ಕಾಲದಲ್ಲೇ ಜೆರೂಸಲೇಮಿಗೆ ಬಂದ ಯಾತ್ರಿಕಳೊಬ್ಬಳ ಬರಹ ನಮಗೆ ಉಳಿದಿದೆ. ಅವಳ ಹೆಸರು ಎಜೇರಿಯ, ಪಶ್ಚಿಮ ಯೂರೋಪಿನವಳು. 380ರ ದಶಕದಲ್ಲಿ ಪುಣ್ಯಭೂಮಿಯನ್ನೆಲ್ಲ ಸುತ್ತಿ, ಕಂಡದ್ದನ್ನು ಊರಿನ ತನ್ನ ಸೋದರಿಯರಿಗೆ ಆಡುನುಡಿಗೆ ಹತ್ತಿರವಾದ ಲ್ಯಾಟಿನ್ನಿನಲ್ಲಿ ಬರೆದಳು. ಆ ಬರಹದ ಹಸ್ತಪ್ರತಿ, ಅದೂ ಅಪೂರ್ಣವಾದದ್ದು, ಇಟಲಿಯ ಅರೆತ್ಸೊ ಊರಿನಲ್ಲಿ ದೊರೆತದ್ದು 1884ರಲ್ಲಿ. ಪೆಂತೆಕೋಸ್ತಿನ ದಿನ ಜೆರೂಸಲೇಮಿನ ಜನ ಕೋಳಿ ಕೂಗುವ ಹೊತ್ತಿನಿಂದ ನಡುರಾತ್ರಿಯವರೆಗೆ ಹೇಗೆ ನಡೆಯುತ್ತಿದ್ದರೆಂಬುದನ್ನು ಅವಳು ವಿವರಿಸುತ್ತಾಳೆ. ಬೆಳಗಿನ ಒಂಬತ್ತರ ಹೊತ್ತಿಗೆ ಸಿಯೋನಿಗೆ ಹೋಗಿ, ಆತ್ಮ ಇಳಿದುಬಂದ ಸ್ಥಳದಲ್ಲೇ ಆ ಅಧ್ಯಾಯವನ್ನು ಓದುವರು. ಊಟವಾದ ಮೇಲೆ ಎಣ್ಣೆಮರಗಳ ಗುಡ್ಡವನ್ನು ಏರುವರು. ಕತ್ತಲಾದ ಮೇಲೆ ದೀಪಗಳ ಬೆಳಕಿನಲ್ಲಿ ಇಳಿಯುವರು. ಜನರ ಕಾಲು ಸೋಲಬಾರದೆಂದು ಬಿಷಪ್ಪರೂ ಮೆಲ್ಲಮೆಲ್ಲನೆ ನಡೆಯುತ್ತಿದ್ದರೆಂದು ಬರೆಯುವುದನ್ನು ಅವಳು ಮರೆತಿಲ್ಲ.

ಅವಳ ಇನ್ನೊಂದು ಮಾತು ನನಗೆ ಹೆಚ್ಚು ಬೆಲೆಯುಳ್ಳದ್ದೆಂದು ತೋರುತ್ತದೆ. ಆ ನಾಡಿನ ಜನರಲ್ಲಿ ಕೆಲವರಿಗೆ ಗ್ರೀಕ್ ಮತ್ತು ಸಿರಿಯಾಕ್ ಎರಡೂ ಬರುತ್ತಿತ್ತು, ಕೆಲವರಿಗೆ ಗ್ರೀಕ್ ಮಾತ್ರ, ಕೆಲವರಿಗೆ ಸಿರಿಯಾಕ್ ಮಾತ್ರ. ಬಿಷಪ್ಪರಿಗೆ ಸಿರಿಯಾಕ್ ಗೊತ್ತಿದ್ದರೂ ಅವರು ಬೋಧಿಸುತ್ತಿದ್ದುದು ಯಾವಾಗಲೂ ಗ್ರೀಕಿನಲ್ಲೇ. ಆದ್ದರಿಂದ ಒಬ್ಬ ಪಾದ್ರಿ ಪಕ್ಕದಲ್ಲಿ ನಿಂತು ಅದನ್ನು ಸಿರಿಯಾಕ್‌ಗೆ ತಿರುಗಿಸಿ ಹೇಳುತ್ತಿದ್ದನು. ಈ ಎರಡೂ ಬಾರದ ಲ್ಯಾಟಿನ್ನಿನವರು ಖಿನ್ನರಾಗಬಾರದೆಂದು, ಗ್ರೀಕನ್ನೂ ಲ್ಯಾಟಿನ್ನನ್ನೂ ಬಲ್ಲ ಸೋದರ ಸೋದರಿಯರು ಅವರಿಗೆ ವಿವರಿಸುತ್ತಿದ್ದರು. ಖಿನ್ನರಾಗಬಾರದೆಂದು! ಅರ್ಥವಾಗದ ಮಾತಿನ ನಡುವೆ ಕುಳಿತವನ ಮನಸ್ಸಿನ ಸ್ಥಿತಿಯನ್ನು ಅವಳು ಬಲ್ಲಳು. ಏಕೆಂದರೆ ಆ ಪರದೇಶಿಗಳಲ್ಲಿ ಅವಳೂ ಒಬ್ಬಳು.

ಬಿಷಪ್ಪರು ಗ್ರೀಕನ್ನು ಬಿಡದಿದ್ದುದಕ್ಕೆ ಕಾರಣವಿದ್ದಿರಬೇಕು. ಅದು ಪೂರ್ವದ ಸಭೆಯ ಪ್ರತಿಷ್ಠೆಯ ಭಾಷೆ. ಆದರೆ ಪೆಂತೆಕೋಸ್ತಿನ ನಿಜವಾದ ವಾರಸುದಾರ ಪೀಠದಲ್ಲಿ ಕುಳಿತವರಲ್ಲ, ಪಕ್ಕದಲ್ಲಿ ನಿಂತ ಆ ಹೆಸರಿಲ್ಲದ ಪಾದ್ರಿ ಎಂದೇ ನಾನು ಹೇಳುತ್ತೇನೆ. ಗಾಳಿ ಬೆಂಕಿಗಳು ಒಂದು ಬೆಳಗಿನಲ್ಲಿ ಮಾಡಿದ ಕೆಲಸವನ್ನು ಅವನು ಬಾಯಾರಿ ಬಳಲಿ ದಿನವೂ ಮಾಡುತ್ತಿದ್ದನು. ಸಂತ ಪೌಲನು ಕೊರಿಂಥದವರಿಗೆ ಬರೆದ ಪತ್ರದಲ್ಲಿಯೂ ಇದೇ ಭಾವವಿದೆ: ಯಾರಿಗೂ ತಿಳಿಯದ ಭಾಷೆಯಲ್ಲಿ ಆವೇಶದಿಂದ ನುಡಿಯುವವರು, ಅರ್ಥ ಹೇಳುವವನಿಲ್ಲದಿದ್ದರೆ ಸಭೆಯಲ್ಲಿ ಸುಮ್ಮನಿರಲಿ ಎಂದು ಅವನು ವಿಧಿಸುತ್ತಾನೆ. 1906ರಲ್ಲಿ ಲಾಸ್ ಏಂಜಲಿಸ್ ನಗರದ ಅಜೂಸಾ ಬೀದಿಯಲ್ಲಿ ಬಲಗೊಂಡ ಪೆಂತೆಕೋಸ್ತ್ ಚಳವಳಿ ಇಂದು ಲೋಕವನ್ನೆಲ್ಲ ವ್ಯಾಪಿಸಿದೆ. ಆವೇಶದ ನುಡಿಗೆ ಅಲ್ಲಿ ದೊಡ್ಡ ಸ್ಥಾನವುಂಟು. ಆ ಅನುಭವವನ್ನು ಅಲ್ಲಗಳೆಯಲು ನಾನು ಯಾರು? ಆದರೆ ಮೂಲಕಥೆಯಲ್ಲಿ ಜನ ಬೆರಗಾದದ್ದು ಮಾತು ತಿಳಿಯದೆ ಅಲ್ಲ, ತಿಳಿದದ್ದರಿಂದ.

ಈ ಪಾಠವನ್ನು ಸಭೆ ಹಲವು ಬಾರಿ ಮರೆಯಿತು. ಜೆರೋಮನು 4ನೆಯ ಶತಮಾನದ ಕೊನೆಯಲ್ಲಿ ಬೈಬಲನ್ನು ಲ್ಯಾಟಿನ್ನಿಗೆ ತಂದಾಗ ಲ್ಯಾಟಿನ್ ಪಶ್ಚಿಮದ ಜನರ ಮಾತಾಗಿತ್ತು. ಜನರ ಮಾತು ಬದಲಾಯಿತು, ಬೈಬಲಿನ ಮಾತು ಬದಲಾಗಲಿಲ್ಲ. ತಿಳಿಯಲೆಂದು ಹುಟ್ಟಿದ ಅನುವಾದವೇ ತಿಳಿಯದ ಮಂತ್ರವಾಯಿತು. ಇಂಗ್ಲಿಷಿಗೆ ಬೈಬಲನ್ನು ತಂದ ವಿಲಿಯಂ ಟಿಂಡಲ್‌ಗೆ 1536ರಲ್ಲಿ ಮರಣದಂಡನೆಯಾಯಿತು. ಕಥೋಲಿಕ ಸಭೆಯ ಪೂಜೆಯಲ್ಲಿ ದೇಶಭಾಷೆಗಳಿಗೆ ಬಾಗಿಲು ತೆರೆದದ್ದು ಎರಡನೆಯ ವ್ಯಾಟಿಕನ್ ಮಹಾಸಭೆಯ 1963ರ ನಿರ್ಣಯ. ಕನ್ನಡ ನಾಡಿನಲ್ಲಿಯೂ ಬಲಿಪೂಜೆ ಲ್ಯಾಟಿನ್ನಿನಿಂದ ಕನ್ನಡಕ್ಕೆ ಇಳಿದುಬಂದದ್ದು ಆ ಬಳಿಕ. ಪ್ರಾಟೆಸ್ಟಂಟರ ಕೆಲಸ ಅದಕ್ಕೂ ಮೊದಲಿನದು. ಬಳ್ಳಾರಿಯ ಜಾನ್ ಹ್ಯಾಂಡ್ಸ್ ಮತ್ತು ಸಂಗಡಿಗರ ಶ್ರಮದಿಂದ 1831ರಲ್ಲಿ ಕನ್ನಡ ಬೈಬಲು ಪೂರ್ಣವಾಯಿತು. ಬಾಸೆಲ್ ಮಿಶನ್ನಿನ ಕಿಟೆಲ್ಲರ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾಯಿತು. ಮತಪ್ರಚಾರಕ್ಕೆಂದು ಬಂದವರು ನಮ್ಮ ನುಡಿಯ ಮುಂದೆ ವಿದ್ಯಾರ್ಥಿಗಳಾಗಿ ಕುಳಿತರು. ಅವರ ಉದ್ದೇಶವನ್ನು ಒಪ್ಪದವರೂ ಆ ನಿಘಂಟನ್ನು ಇಂದಿಗೂ ಕೈಗೆತ್ತಿಕೊಳ್ಳುತ್ತಾರೆ.

ಯಾತ್ರೆಗೂ ಮನೆಮಾತಿಗೂ ಇರುವ ನಂಟು ಇಂದಿಗೂ ಹರಿದಿಲ್ಲ. ರುಮೇನಿಯದ ಟ್ರಾನ್ಸಿಲ್ವೇನಿಯ ಪ್ರಾಂತದಲ್ಲಿ ಚೀಕ್‌ಶೊಮ್ಯೊ ಎಂಬ ಕ್ಷೇತ್ರವಿದೆ. ಅಲ್ಲಿನ ಹಂಗೇರಿಯನ್ ಮಾತಿನ ಕಥೋಲಿಕರು ಪೆಂತೆಕೋಸ್ತಿನ ಹಿಂದಿನ ಶನಿವಾರ ಲಕ್ಷಗಟ್ಟಲೆಯಾಗಿ ಅಲ್ಲಿಗೆ ನಡೆದು ಬರುತ್ತಾರೆ. 1920ರ ಒಪ್ಪಂದದಿಂದ ಅವರ ನಾಡು ಬೇರೊಂದು ರಾಜ್ಯಕ್ಕೆ ಸೇರಿತು. ಕಮ್ಯುನಿಸ್ಟ್ ಆಳ್ವಿಕೆಯಲ್ಲಿ ಆ ಮೆರವಣಿಗೆಗೆ ತಡೆಯಿತ್ತು. 1989ರ ಅನಂತರ ಅದು ಮತ್ತೆ ಹೊರಟಿತು. 2019ರ ಜೂನ್ 1ರಂದು ಪೋಪ್ ಫ್ರಾನ್ಸಿಸ್ ಅಲ್ಲಿಗೆ ಹೋಗಿ ಪೂಜೆ ಸಲ್ಲಿಸಿದರು. ತಮ್ಮ ಮಾತು ರಾಜ್ಯದ ಮಾತಲ್ಲದ ಕಡೆ, ವರ್ಷಕ್ಕೊಮ್ಮೆ ಬಯಲಿನಲ್ಲಿ ಎಲ್ಲರೂ ಕೂಡಿ ತಮ್ಮ ನುಡಿಯಲ್ಲಿ ಪ್ರಾರ್ಥಿಸುವುದೇ ಅವರಿಗೆ ಅರ್ಧ ಪುಣ್ಯ.

ನಮಗೆ ಇದರಿಂದ ಏನು? ಕನ್ನಡ ಬಲ್ಲವರು ಕನ್ನಡ ಬಲ್ಲವರ ಸಭೆಯಲ್ಲಿ ಎದ್ದುನಿಂತು ಇಂಗ್ಲಿಷಿನಲ್ಲಿ ಉಪನ್ಯಾಸ ಮಾಡುವುದನ್ನು ನಾವು ದಿನವೂ ನೋಡುತ್ತೇವೆ. ಪಕ್ಕದಲ್ಲಿ ನಿಂತು ತಿರುಗಿಸಿ ಹೇಳುವ ಪಾದ್ರಿಯೂ ಅಲ್ಲಿರುವುದಿಲ್ಲ. ಇತ್ತ ನಮ್ಮ ನಾಡಿಗೆ ದುಡಿಯಲು ಬಂದ ಪರಭಾಷೆಯವನಿಗೆ ಆಸ್ಪತ್ರೆಯಲ್ಲೋ ಕಚೇರಿಯಲ್ಲೋ ಅವನ ನುಡಿಯಲ್ಲಿ ಎರಡು ಮಾತು ಹೇಳುವವರೂ ಕಡಮೆ. ಮೊದಲನೆಯದನ್ನು ಕಂಡು ನೊಂದುಕೊಳ್ಳುವ ನಾವು ಎರಡನೆಯದನ್ನು ಕಂಡೂ ನೋಯಬೇಕು. ಎರಡೂ ಒಂದೇ ನೋವು. ಸ್ವಭಾಷೆಯ ಅಭಿಮಾನಕ್ಕೂ ಪರಭಾಷೆಯ ಮನ್ನಣೆಗೂ ಜಗಳವಿಲ್ಲವೆಂದು ತೋರಿಸಿಕೊಟ್ಟದ್ದರಿಂದಲೇ ಪೆಂತೆಕೋಸ್ತ್ ಕ್ರೈಸ್ತರಲ್ಲದವರೂ ನೆನೆಯತಕ್ಕ ಹಬ್ಬ. ಮುಂದಿನ ಬೇಸಗೆಯಲ್ಲಿ ಅದು ಬಂದಾಗ, ನೆರೆಯ ಕ್ರೈಸ್ತ ಮಿತ್ರರಿಗೆ ಅವರ ಮನೆಮಾತಿನಲ್ಲಿಯೇ, ಅದು ಕೊಂಕಣಿಯಾಗಲಿ ತುಳುವಾಗಲಿ ತಮಿಳಾಗಲಿ, ಶುಭಾಶಯ ಹೇಳಿದರೆ ಅವರಿಗೆ ಸಂತೋಷವಾದೀತು.