ಒತ್ತಕ್ಷರ ಕೂರಿಸುವ ಕಡತ

ಕಡೂರು ತಾಲ್ಲೂಕಿನ ಹಿರೇನಲ್ಲೂರಿನ ಹೆಸರು ಇ-ಮೇಲ್‌ನಲ್ಲಿ ನೆಟ್ಟಗೆ ಕಾಣಬೇಕಾದರೆ ‘ಲ’ದಡಿ ಇನ್ನೊಂದು ‘ಲ’ ಒತ್ತಾಗಿ ಕೂರಬೇಕು, ಪಕ್ಕದಲ್ಲಿ ಕೊಂಬಿನ ದೀರ್ಘ ಸೇರಬೇಕು. ವಿಂಡೋಸ್ ಎಕ್ಸ್‌ಪಿ ಕಾಲದ ಇ-ಮೇಲ್ ತಂತ್ರಾಂಶ ಔಟ್‌ಲುಕ್ ಎಕ್ಸ್‌ಪ್ರೆಸ್‌ಗೆ ಈ ವಿದ್ಯೆ ಸ್ವಂತದ್ದಲ್ಲ. ಒಂದೊಂದು ಕೆಲಸಕ್ಕೂ ಅದು ಒಂದೊಂದು ಡಿಎಲ್‌ಎಲ್ ಕಡತವನ್ನು ನೆಚ್ಚಿತ್ತು: ಪತ್ರ ಕಳಿಸಿ ತರಿಸುವುದಕ್ಕೆ ಐನೆಟ್‌ಕಾಮ್.ಡಿಎಲ್‌ಎಲ್, ಜೋಡಿಸಿಡುವುದಕ್ಕೆ ಡೈರೆಕ್ಟ್‌ಡಿಬಿ.ಡಿಎಲ್‌ಎಲ್, ಒತ್ತು, ಗುಣಿತ ಕೂಡಿಸುವುದಕ್ಕೆ ಯುಎಸ್‌ಪಿ10.ಡಿಎಲ್‌ಎಲ್. ಈ ಕೊನೆಯದನ್ನೇ ನೋಟ್‌ಪ್ಯಾಡ್, ಬ್ರೌಸರ್‌ಗಳೂ ಹಂಚಿಕೊಂಡು ಬಳಸುತ್ತಿದ್ದವು. 2001ರಲ್ಲಿ ಬಂದ ಎಕ್ಸ್‌ಪಿಯಲ್ಲಿ ತುಂಗಾ ಎಂಬ ಕನ್ನಡ ಫಾಂಟೇನೋ ಇತ್ತು. ಆದರೆ ರೀಜನಲ್ ಸೆಟ್ಟಿಂಗ್ಸ್‌ಗೆ ಹೋಗಿ ಒಂದು ಚೌಕಕ್ಕೆ ಟಿಕ್ ಹಾಕಿ, ಬೇಕಾದ ಕಡತಗಳನ್ನು ಸಿ.ಡಿ.ಯಿಂದ ಇಳಿಸಿಕೊಂಡ ಮೇಲಷ್ಟೇ ಕನ್ನಡ ಸರಿಯಾಗಿ ಮೂಡುತ್ತಿತ್ತು. ಅಷ್ಟು ತಾಪತ್ರಯ ಯಾರಿಗೆ ಬೇಕು? ಬಹಳ ಜನ ನುಡಿ, ಬರಹ ತಂತ್ರಾಂಶಗಳ ಹಳೇ ಫಾಂಟ್‌ಗಳಲ್ಲೇ ಪತ್ರ ಬರೆದರು. ಆ ಫಾಂಟ್ ಇಲ್ಲದ ಕಂಪ್ಯೂಟರಿನಲ್ಲಿ ಅವು ಇಂಗ್ಲಿಷ್ ಅಕ್ಷರಗಳ ಚಿತ್ರಾನ್ನ. 2014ರ ಏಪ್ರಿಲ್ 8ಕ್ಕೆ ಎಕ್ಸ್‌ಪಿಗೆ ಮೈಕ್ರೋಸಾಫ್ಟ್‌ನ ಬೆಂಬಲ ನಿಂತಿತು. ಇಂಥ ಹಳೇ ಪತ್ರಗಳನ್ನು ಓದಲೆಂದು ಎಲ್ಲೆಲ್ಲಿಂದಲೋ ಡಿಎಲ್‌ಎಲ್ ತಂದು ಸುರಿಯುವವರಿದ್ದಾರೆ. ಅದರಿಂದ ವೈರಸ್ ಬಂದೀತೇ ಹೊರತು ಒತ್ತಕ್ಷರ ಬಾರದು. ಪತ್ರಗಳು ಕೂಡಿರುವ ಡಿಬಿಎಕ್ಸ್ ಕಡತಗಳ ಒಂದು ಪ್ರತಿ ಇಟ್ಟುಕೊಂಡು, ಪತ್ರಗಳನ್ನು ಯುನಿಕೋಡ್‌ಗೆ ಪರಿವರ್ತಿಸಿಕೊಳ್ಳುವುದೇ ಜಾಣತನ.