ಡಿಗ್ರಿ ಇಲ್ಲದ ಮೇಷ್ಟ್ರು

ಇಟಲಿಯ ಪಿಯೆರೊ ಆಂಜೆಲಾ 2022ರ ಆಗಸ್ಟ್‌ನಲ್ಲಿ ತೀರಿಕೊಂಡರು. ಟಿವಿಯಲ್ಲಿ ವಿಜ್ಞಾನ ಹೇಳುತ್ತಲೇ ದಶಕಗಳನ್ನು ಕಳೆದ ಅವರ ಮೇಲಿನ ತಕರಾರುಗಳು ಮಾತ್ರ ಇನ್ನೂ ಉಸಿರಾಡುತ್ತಿವೆ.

ಎಂಜಿನಿಯರಿಂಗ್ ಓದನ್ನು ಅರ್ಧಕ್ಕೇ ಬಿಟ್ಟ ವರದಿಗಾರನಿಗೆ ವಿಜ್ಞಾನದ ಉಸಾಬರಿ ಏಕೆ ಎನ್ನುವವರಿದ್ದಾರೆ. ಹೌದು, ಅವರು ಪ್ಯಾರಿಸ್, ಬ್ರಸೆಲ್ಸ್‌ಗಳಲ್ಲಿ ಇಟಲಿಯ ಸರ್ಕಾರಿ ವಾಹಿನಿ ರಾಯ್‌ಗೆ ಸುದ್ದಿ ಕಳಿಸುತ್ತಿದ್ದವರು, ಆಮೇಲೆ ವಾರ್ತೆ ಓದಿದವರು. ತಾನು ವಿಜ್ಞಾನಿ ಎಂದು ಅವರು ಹೇಳಿಕೊಂಡಿದ್ದಾದರೂ ಯಾವಾಗ? ಪ್ರೊಫೆಸರರನ್ನು ಎದುರಿಗೆ ಕೂರಿಸಿಕೊಂಡು, ಊಟದ ತಟ್ಟೆ ಹಿಡಿದು ಟಿವಿ ನೋಡುವವನಿಗೆ ಏಳುವ ಪ್ರಶ್ನೆಯನ್ನೇ ಕೇಳುವುದು ವರದಿಗಾರನ ಕಸುಬು. ಒಡಿಶಾದ ಬಿಜು ಪಟ್ನಾಯಕರ ದತ್ತಿಯಿಂದ ಶುರುವಾದ ಯುನೆಸ್ಕೊದ ಕಳಿಂಗ ಪ್ರಶಸ್ತಿ 1993ರಲ್ಲಿ ಅವರಿಗೆ ಬಂದದ್ದು ಈ ಕಸುಬಿಗೇ.

ಅವರ 'ಕ್ವಾರ್ಕ್' ಎರವಲು ಸರಕು ಎಂಬುದು ಇನ್ನೊಂದು ಮಾತು. 1981ರಲ್ಲಿ ಶುರುವಾದ ಆ ಟಿವಿ ಕಾರ್ಯಕ್ರಮ ಬ್ರಿಟನ್ನಿನ ಬಿಬಿಸಿಯ, ಡೇವಿಡ್ ಅಟೆನ್‌ಬರೊ ಅವರ ಚಿತ್ರಗಳನ್ನು ತೋರಿಸಿದ್ದು ನಿಜ. ತೋರಿಸಿದ್ದರಲ್ಲಿ ತಪ್ಪೇನು? ಕಷ್ಟದ ವಿಷಯಗಳನ್ನು ನಗಿಸುತ್ತಲೇ ಬಿಡಿಸಿಟ್ಟ, ಇಟಲಿಯವರೇ ಆದ ಬ್ರೂನೊ ಬೊಜೆಟ್ಟೊ ಅವರ ಕಾರ್ಟೂನುಗಳು ಲಂಡನ್ನಿನಿಂದ ಬಂದವಲ್ಲ.

ನಿಜವಾದ ಸಿಟ್ಟು ಇರುವುದು ಬೇರೆ ಕಡೆ. 1978ರಲ್ಲಿ ಅತೀಂದ್ರಿಯ ಶಕ್ತಿಗಳ ಬಗ್ಗೆ ಅವರು ತನಿಖಾ ಸರಣಿ ಮಾಡಿದಂದಿನಿಂದ 'ಎದುರು ಪಕ್ಷದ ಮಾತು ಕೇಳುವುದಿಲ್ಲ, ಅಹಂಕಾರಿ' ಎಂಬ ದೂರು ಬೆನ್ನು ಬಿಡಲಿಲ್ಲ. ಕೇಳುವುದಿಲ್ಲವೆ? 1979ರಲ್ಲಿ ರೋಮ್ ಬಳಿಯ ಫೊರ್ಮೆಲ್ಲೊದಲ್ಲಿ ನಡೆದದ್ದನ್ನು ನೋಡಿ. ಕಡ್ಡಿ ಹಿಡಿದು ಅಂತರ್ಜಲ ಹೇಳುವ ನಾಲ್ವರನ್ನು ಜಾದೂಗಾರ ಜೇಮ್ಸ್ ರಾಂಡಿ ಪರೀಕ್ಷೆಗೆ ಕರೆದಿದ್ದರು, ಜೊತೆಗಿದ್ದವರು ಆಂಜೆಲಾ. ಹತ್ತು ಮೀಟರ್ ಉದ್ದ, ಹತ್ತು ಮೀಟರ್ ಅಗಲದ ಜಾಗ. ನೆಲದಡಿ ಮೂರು ದಿಕ್ಕಿಗೆ ಹೂತ ಪೈಪುಗಳು. ವಾಲ್ವ್ ತಿರುಗಿಸಿದರೆ ಒಂದರಲ್ಲಿ ಮಾತ್ರ ನೀರು. ಅದು ಎಲ್ಲಿ ಹರಿಯುತ್ತಿದೆ ಎಂದು ಗುರುತು ಮಾಡಿದರೆ ಬಹುಮಾನ. ನಿಯಮಗಳಿಗೆ ನಾಲ್ವರೂ ಮೊದಲೇ ಒಪ್ಪಿದ್ದರು, ನಾಲ್ವರೂ ಸೋತರು. ಅಂಗೈ ಮೇಲೆ ತೆಂಗಿನಕಾಯಿ ಇಟ್ಟುಕೊಂಡು ಬೋರ್‌ವೆಲ್ ಪಾಯಿಂಟ್ ಮಾಡುವವರಿಗೆ ದುಡ್ಡು ಎಣಿಸುವ ನಮ್ಮ ಕಡೆಯ ರೈತನಿಗೆ ಇಂಥ ಒಂದು ಪರೀಕ್ಷೆಯನ್ನು ಯಾರಾದರೂ ಟಿವಿಯಲ್ಲಿ ತೋರಿಸಬಾರದೆ? ಸ್ಟುಡಿಯೊದಲ್ಲಿ ಎರಡು ಕುರ್ಚಿ ಹಾಕಿ ಜಗಳ ಹಚ್ಚುವುದಕ್ಕಿಂತ ಎದುರಾಳಿಗೆ ಫೊರ್ಮೆಲ್ಲೊದ ಪರೀಕ್ಷೆ ಕೊಟ್ಟ ಮರ್ಯಾದೆ ದೊಡ್ಡದು. 2000ದಲ್ಲಿ 'ಕ್ವಾರ್ಕ್'ನ ಮುಂದುವರಿಕೆಯಾದ 'ಸೂಪರ್‌ಕ್ವಾರ್ಕ್' ಹೋಮಿಯೋಪತಿಗೆ ವೈಜ್ಞಾನಿಕ ಪುರಾವೆ ಇಲ್ಲವೆಂದಾಗ, ಆ ಪದ್ಧತಿಯ ಸಂಘಗಳು ಪುರಾವೆ ತರುವ ಬದಲು ಮಾನನಷ್ಟದ ಮೊಕದ್ದಮೆ ತಂದವು. ಅಲ್ಲಿಯೂ ಗೆದ್ದವರು ಆಂಜೆಲಾ.

ಉಳಿದದ್ದು ಮಗ ಆಲ್ಬೆರ್ಟೊ ಬಗೆಗಿನ ತಕರಾರು. ಅಪ್ಪನ ದಾರಿಯಲ್ಲೇ ಟಿವಿಗೆ ಬಂದದ್ದು ವಂಶಪಾರಂಪರ್ಯ ಎನ್ನುತ್ತಾರೆ. ಆ ಹೆಸರು ಬಾಗಿಲು ತೆರೆಸಿರಬಹುದು, ಅಷ್ಟು ಒಪ್ಪುತ್ತೇನೆ. ಆದರೆ ಡಿಗ್ರಿ ಇಲ್ಲವೆಂದು ಅಪ್ಪನನ್ನು ಹಳಿದವರೇ, ನಿಸರ್ಗ ವಿಜ್ಞಾನದ ಪದವಿ ಪಡೆದು ಆಫ್ರಿಕಾದಲ್ಲಿ ಪಳೆಯುಳಿಕೆ ಹುಡುಕುತ್ತಾ ನೆಲ ಅಗೆದು ಬಂದ ಮಗನಿಗೂ ಅರ್ಹತೆ ಇಲ್ಲ ಎನ್ನುವುದಾದರೆ ಹೇಗೆ? ಎರಡರಲ್ಲಿ ಯಾವುದಾದರೂ ಒಂದು ತಕರಾರನ್ನು ಇಟ್ಟುಕೊಳ್ಳಲಿ.